ಎರಡಕ್ಷರ ತಿದ್ದಿದ ಸಾಕ್ಷ್ಯಚಿತ್ರ

ಆ ನಾಲ್ಕು ಮಹಡಿಯ ಕಟ್ಟಡದಲ್ಲಿ ಅವರನ್ನು ಎಲ್ಲರೂ ಡೈರೆಕ್ಟರು ಅಂತಲೇ ಕರೆಯುತ್ತಿದ್ದರು. ಹಾಗೆ ಕರೆಯಬೇಕೆಂದು ಯಾರಿಗೂ ತಾನಾಗಿ ಹೊಳೆದದ್ದಲ್ಲ. ಮನೆಯ ಬಾಗಿಲಿಗೆ ಹಿತ್ತಾಳೆಯ ಫಲಕ ಹಾಕಿಸಿ, ಅದರ ಮೇಲೆ 'ಸಾಕ್ಷ್ಯಚಿತ್ರ ನಿರ್ದೇಶಕರು' ಎಂದು ಕೆತ್ತಿಸಿ, ಓದದೆ ಮುಂದೆ ಹೋದವರನ್ನು ನಿಲ್ಲಿಸಿ ಓದಿ ಹೇಳಿ, ಡೈರೆಕ್ಟರೇ ಈ ರೂಢಿ ಹಾಕಿಕೊಟ್ಟಿದ್ದರು. ನಿಜ ಹೇಳಬೇಕೆಂದರೆ ಇಪ್ಪತ್ತೆರಡು ವರ್ಷದಿಂದ ಅವರು ತೆಗೆಯುತ್ತಿದ್ದದ್ದು ಮದುವೆಯ ವಿಡಿಯೊ. ಒಂದೇ ಒಂದು ಸಲ, ಗೊಬ್ಬರ ತಯಾರಕರ ಸಂಘವೊಂದಕ್ಕೆ, ಎರೆಹುಳುವಿನ ದಿನಚರಿಯ ಬಗ್ಗೆ ಹದಿನಾಲ್ಕು ನಿಮಿಷದ ಚಿತ್ರ ಮಾಡಿಕೊಟ್ಟಿದ್ದರು. ಫಲಕ ನಿಂತಿದ್ದದ್ದು ಆ ಹದಿನಾಲ್ಕು ನಿಮಿಷದ ಬಲದ ಮೇಲೆ.

ಮನೆಯಲ್ಲಿ ಮೂರೇ ಜನ. ಡೈರೆಕ್ಟರು, ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡು ಕಟ್ಟಡದ ಹೆಂಗಸರಿಗೆಲ್ಲ ಬಟ್ಟೆ ಹೊಲಿಯುತ್ತಿದ್ದ ಅವರ ಹೆಂಡತಿ, ಮತ್ತು ಆಕೆಯ ತಾಯಿ, ಎಪ್ಪತ್ತಾರು ವರ್ಷದ ಅತ್ತೆ. ಅತ್ತೆ ಕಿಟಕಿಯ ಪಕ್ಕ ಕೂತು ಗುಂಡಿ ಹಾಕುವ ಕೆಲಸ ನೋಡಿಕೊಳ್ಳುತ್ತಿದ್ದರು. ಅಳಿಯನ ಜೊತೆ ಅವರು ದಿನಕ್ಕೆ ಎರಡು ಮಾತಾಡುತ್ತಿದ್ದರು. ಒಂದು, "ಊಟಕ್ಕೆ ಏಳ್ತೀರಾ?" ಇನ್ನೊಂದು, "ಫ್ಯಾನ್ ಆರಿಸ್ಲಾ?"

ಒಂದು ಮಂಗಳವಾರ ಬೆಳಗ್ಗೆ ಡೈರೆಕ್ಟರಿಗೆ ಫೋನು ಬಂತು. ಆ ಕಡೆ ಒಬ್ಬ ಅಧಿಕಾರಿಣಿ. ಜನರ ಆರೋಗ್ಯದ ಬಗ್ಗೆ ಚಿತ್ರಗಳನ್ನು ಮಾಡಿಸುವ ಸಂಸ್ಥೆಯವರು.

"ನಿಮ್ಮ ಎರೆಹುಳು ಚಿತ್ರ ನೋಡಿದೆ ಸರ್. ಆ ಎರಡು ಹುಳು ಕೂಡೋ ದೃಶ್ಯ ಇದೆಯಲ್ಲ, ಎಷ್ಟು ಸಹಜವಾಗಿ ತೆಗೆದಿದೀರಿ! ಒಂಚೂರೂ ನಾಚಿಕೆ ಇಲ್ಲ, ಒಂಚೂರೂ ಅಸಹ್ಯ ಇಲ್ಲ."

ಹದಿಮೂರು ವರ್ಷದಲ್ಲಿ ಆ ಚಿತ್ರವನ್ನು ಹೊಗಳಿದ ಮೊದಲ ವ್ಯಕ್ತಿ ಆಕೆ. ಡೈರೆಕ್ಟರ ಕಣ್ಣು ಮಂಜಾಯಿತು, ಅದರ ಜೊತೆಗೆ ಕಿವಿಯೂ ಮಂಜಾಯಿತೆಂದು ಕಾಣುತ್ತದೆ. ಅಷ್ಟರಲ್ಲಿ ಹೆಂಡತಿ ದಪ್ಪ ಬಟ್ಟೆಯೊಂದರ ಮೇಲೆ ಯಂತ್ರ ಓಡಿಸತೊಡಗಿದರು. ಆ ಗಡಗಡದ ನಡುವೆ ಅಧಿಕಾರಿಣಿ, ಜನಸಾಮಾನ್ಯರು ಲೈಂಗಿಕತೆಯ ಬಗ್ಗೆ ಏನು ಯೋಚಿಸುತ್ತಾರೆ ಎಂದು ಒಂದು ಚಿತ್ರ ಮಾಡಿಕೊಡಬೇಕು ಎಂದರು. ಡೈರೆಕ್ಟರ ಕಿವಿಗೆ ಅದು ಲೌಕಿಕತೆ ಎಂದು ಬಿತ್ತು.

"ಲೌಕಿಕತೆ! ನನಗೆ ಬಹಳ ಇಷ್ಟದ ವಿಷಯ ಮೇಡಂ. ಇಪ್ಪತ್ತು ವರ್ಷದಿಂದ ಅದರಲ್ಲೇ ಮುಳುಗಿದೀನಿ," ಎಂದರು ಡೈರೆಕ್ಟರು. ಯಂತ್ರದ ಸದ್ದು ಆ ಕಡೆಗೂ ಕೇಳಿಸುತ್ತಿದ್ದಿರಬೇಕು, ಅಧಿಕಾರಿಣಿಗೆ ಆ ಮೊದಲ ಪದ ತಾವು ಹೇಳಿದ ಪದದ ಹಾಗೇ ಕೇಳಿಸಿತು.

"ಮನೆಯವರದ್ದೇನೂ ಆಕ್ಷೇಪ ಇಲ್ವಾ?"

"ಯಾಕಿರುತ್ತೆ? ನಮ್ಮ ಇಡೀ ಕಟ್ಟಡವೇ ಭಾಗವಹಿಸುತ್ತೆ. ನಿವೃತ್ತ ಹೆಡ್‌ಮಾಸ್ಟರೊಬ್ಬರಿದಾರೆ, ಅವರ ಅನುಭವ ಕೇಳಿದ್ರೆ ನೀವು ದಂಗಾಗ್ತೀರಿ."

"ನಿಮ್ಮಂಥವರು ಅಪರೂಪ ಸರ್," ಎಂದು ಅಧಿಕಾರಿಣಿ ಮೆಲ್ಲಗೆ ಹೇಳಿ ಫೋನಿಟ್ಟರು.

ಸಂಜೆಯೊಳಗೆ ಸುದ್ದಿ ನಾಲ್ಕು ಮಹಡಿಯನ್ನೂ ಹತ್ತಿ ಇಳಿಯಿತು. ಲೌಕಿಕತೆ ಎನ್ನುವುದು ಎಂಥ ಗೌರವದ ವಿಷಯವೆಂದರೆ ಅದರ ಬಗ್ಗೆ ಮಾತಾಡಲು ಯಾರಿಗೂ ಯೋಗ್ಯತೆ ಕಡಿಮೆಯಿಲ್ಲ. ಮೊದಲು ಬಂದವರು ನಿವಾಸಿಗಳ ಸಂಘದ ಅಧ್ಯಕ್ಷರು. ಕಟ್ಟಡದಲ್ಲಿ ಒಂದು ಬಲ್ಬು ಬದಲಾಯಿಸಬೇಕಾದರೂ ಅವರ ಭಾಷಣ ಕೇಳಬೇಕಿತ್ತು. ಕ್ಯಾಮೆರಾ ಮುಂದೆ ಕೂತು, ಕೋಟಿನ ಗುಂಡಿ ಹಾಕಿಕೊಂಡು, ಗಂಟಲು ಸರಿಮಾಡಿಕೊಂಡು ಹೇಳಿದರು:

"ನೋಡಿ, ಐವತ್ತು ದಾಟಿದ ಮೇಲೆ ನನಗಂತೂ ಅದರಲ್ಲಿ ಆಸಕ್ತಿನೇ ಹೊರಟೋಯ್ತು. ನಮ್ಮನೆಯವಳಿಗೆ ಮಾತ್ರ ಇನ್ನೂ ಬಿಟ್ಟಿಲ್ಲ. ಹಾಗಂತ ನಾನು ಅಡ್ಡಿ ಮಾಡಲ್ಲ. ನಿನ್ನಿಷ್ಟಮ್ಮಾ, ನನ್ನನ್ನ ಮಾತ್ರ ಎಳೀಬೇಡ ಅಂತ ಹೇಳಿ ನಾನು ಟೀವಿ ವಾರ್ತೆ ನೋಡ್ತಾ ಕೂತುಬಿಡ್ತೀನಿ."

ಮರುದಿನ ಹೆಡ್‌ಮಾಸ್ಟರು. ಹೆಂಡತಿ ತೀರಿಕೊಂಡ ಮೇಲೆ ಒಂದನೇ ಮಹಡಿಯಲ್ಲಿ ಒಬ್ಬರೇ ಇದ್ದರು. ಮೂವತ್ತೆರಡು ವರ್ಷ ವಿಜ್ಞಾನ ಪಾಠ ಮಾಡಿದವರು. ಇವತ್ತಿಗೂ ಅಂಗಿಯ ಜೇಬಿನಲ್ಲಿ ಸೀಮೆಸುಣ್ಣದ ತುಂಡಿರುತ್ತಿತ್ತು.

"ಯೌವನದಲ್ಲಿ ಮನುಷ್ಯ ಅದರಲ್ಲಿ ಮುಳುಗಿ ಏಳ್ತಾನೆ. ತಪ್ಪು ಅಂತ ನಾನು ಹೇಳಲ್ಲ, ನಾನೂ ಮುಳುಗಿದ್ದವನೇ. ಈಗ ಬೆಳಗ್ಗೆ ಪತ್ರಿಕೆ ಓದುವಾಗ ಒಂದರ್ಧ ಗಂಟೆ. ಸಂಜೆ ಪಾರ್ಕಲ್ಲಿ ಗೆಳೆಯರು ಸಿಕ್ಕಿದ್ರೆ ಇನ್ನೊಂಚೂರು. ಅದಕ್ಕಿಂತ ಹೆಚ್ಚು ದೇಹ ತಡೆಯಲ್ಲ."

ಮೂರನೆಯವರು ವಿಮೆ ಏಜೆಂಟರು. ಅವರು ಕ್ಯಾಮೆರಾವನ್ನೇ ಗಿರಾಕಿಯೆಂದು ತಿಳಿದು ಕೈ ಜೋಡಿಸಿದರು. "ನನ್ನ ವೃತ್ತಿನೇ ಅದು ಸರ್, ಮುಚ್ಚಿಡೋದೇನಿದೆ? ಮನೆಮನೆಗೂ ಹೋಗ್ತೀನಿ. ಬಾಗಿಲು ತೆಗೆದ ಕೂಡ್ಲೇ ಯಾರೂ ಒಪ್ಪಲ್ಲ. ಎರಡು ಮೂರು ಸಲ ಹೋಗಿ ಕೂತು ನಿಧಾನಕ್ಕೆ ತಿಳಿಹೇಳ್ಬೇಕು. ಸಂಸಾರಸ್ಥರೇ ಹೆಚ್ಚು ಆಸಕ್ತಿ ತೋರಿಸೋದು."

ಹೀಗೆ ಎಂಟು ದಿನ ಲೌಕಿಕತೆ ಸಾಂಗವಾಗಿ ನಡೆಯಿತು. ಒಂಬತ್ತನೆಯ ದಿನ ಅಂಚೆಯಲ್ಲಿ ಸಂಸ್ಥೆಯ ಪತ್ರ ಬಂತು. ಡೈರೆಕ್ಟರು ಮೆಟ್ಟಿಲ ಮೇಲೆ ನಿಂತೇ ಒಡೆದು ಓದಿದರು. ಅದರಲ್ಲಿ ಅಚ್ಚುಕಟ್ಟಾಗಿ ಟೈಪು ಮಾಡಿತ್ತು: 'ವಿಷಯ: ಲೈಂಗಿಕತೆ, ಮಾಧ್ಯಮ ಮತ್ತು ಸಾಮಾಜಿಕ ಕಟ್ಟುಪಾಡು.' ಅವರು ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದರು. ಪದ ಬದಲಾಗಲಿಲ್ಲ. ಮೂರನೆಯ ಸಲ ಓದುವಾಗ ಮೇಲಿಂದ ಯಾರೋ ಇಳಿದು ಬಂದರು. ಡೈರೆಕ್ಟರು ಪತ್ರವನ್ನು ಅಂಗಿಯೊಳಗೆ ಸೇರಿಸಿಕೊಂಡು ಗೋಡೆಯ ಬಿರುಕು ಪರೀಕ್ಷಿಸುವವರಂತೆ ನಿಂತರು.

ಭಾನುವಾರದ ಪ್ರದರ್ಶನಕ್ಕೆ ಇನ್ನು ಉಳಿದದ್ದು ನಾಲ್ಕೇ ದಿನ. ಸರಿಯಾದ ದಾರಿ ಎದುರಿಗೇ ಇತ್ತು: ಅಧಿಕಾರಿಣಿಗೆ ಫೋನು ಮಾಡಿ ತಪ್ಪಾಗಿದೆ ಎನ್ನುವುದು. ಡೈರೆಕ್ಟರು ಮಾಡಿದರು ಕೂಡ.

"ಮೇಡಂ, ವಿಷಯ ಲೌಕಿಕತೆ ಅಂತ ತಿಳ್ಕೊಂಡಿದ್ದೆ. ಪತ್ರದಲ್ಲಿ ನೋಡಿದ್ರೆ ಅದು ಲೈ... ಲೈ..."

"ಲೈನ್ ಸರಿ ಇಲ್ಲ ಸರ್, ಏನೂ ಕೇಳಿಸ್ತಿಲ್ಲ. ಭಾನುವಾರಕ್ಕೆ ಪ್ರದರ್ಶನ. ಮರೀಬೇಡಿ."

ಲೈನು ಸರಿಯಾಗಿಯೇ ಇತ್ತು. ಮಾತು ಎಡವುತ್ತಿದ್ದದ್ದು ಆ ಪದದ ಹತ್ತಿರ. ನಲವತ್ತೊಂಬತ್ತು ವರ್ಷದ ಬದುಕಿನಲ್ಲಿ ಅವರು ಅದನ್ನು ಒಂದು ಸಲವೂ ಬಾಯಿಬಿಟ್ಟು ಹೇಳಿರಲಿಲ್ಲ. ಹೆಡ್‌ಮಾಸ್ಟರ ಹತ್ತಿರ ಹೋಗಿ, ಮತ್ತೊಂದು ಸಲ ಚಿತ್ರೀಕರಣ ಮಾಡಬೇಕು, ಈ ಸಲ ಬೇರೆ ವಿಷಯ, ಎಂದು ಶುರುಮಾಡಿದರು.

"ಯಾವ ವಿಷಯ?"

"ಅದೇ ಮೇಷ್ಟ್ರೇ. ಲೈ..."

"ಲೈಬ್ರರಿನಾ? ಅಗತ್ಯವಾಗಿ. ನಮ್ಮ ಶಾಲೆ ಲೈಬ್ರರಿ ಕಟ್ಟಿದ್ದೇ ನಾನು," ಎಂದು ಹೆಡ್‌ಮಾಸ್ಟರು ಒಂದೂವರೆ ತಾಸು ಲೈಬ್ರರಿಯ ಬಗ್ಗೆ ಮಾತಾಡಿದರು. ಡೈರೆಕ್ಟರು ಅಷ್ಟನ್ನೂ ಚಿತ್ರೀಕರಿಸಿ ಮನೆಗೆ ಬಂದರು.

ಅಪಾಯ ಬಂದದ್ದು ಮರುದಿನ ಮಧ್ಯಾಹ್ನ, ಕಂಪ್ಯೂಟರ್ ಮುಂದೆ. ಏನೂ ದಿಕ್ಕು ತೋಚದೆ ತೆಗೆದದ್ದನ್ನೇ ಮತ್ತೆ ಹಾಕಿಕೊಂಡು ನೋಡುತ್ತಿದ್ದಾಗ, ಅಧ್ಯಕ್ಷರ ಮಾತು ಬಂತು. 'ಐವತ್ತು ದಾಟಿದ ಮೇಲೆ ನನಗಂತೂ ಅದರಲ್ಲಿ ಆಸಕ್ತಿನೇ ಹೊರಟೋಯ್ತು.' ಡೈರೆಕ್ಟರು ನೆಟ್ಟಗೆ ಕೂತರು. ಹೆಡ್‌ಮಾಸ್ಟರು ಬಂದರು, ಮುಳುಗಿ ಎದ್ದರು. ಏಜೆಂಟರು ಬಂದರು, ಬಾಗಿಲು ತಟ್ಟಿದರು. ಯಾರಾದರೂ 'ಲೌಕಿಕ' ಎಂದು ಬಾಯಿಬಿಟ್ಟು ಹೇಳಿದ್ದು ಒಟ್ಟು ಹನ್ನೊಂದು ಕಡೆ. ಉಳಿದೆಡೆಯೆಲ್ಲ 'ಅದು', 'ಅದರಲ್ಲಿ', 'ಅದರಿಂದ'. ಹನ್ನೊಂದು ಕಡೆ ಕತ್ತರಿಸಿದರು. ಮೊದಲ ಚೌಕಟ್ಟಿನಲ್ಲಿ 'ಲೌಕಿಕತೆ: ಜನಸಾಮಾನ್ಯರ ಮಾತು' ಎಂದಿದ್ದ ಕಡೆ ಎರಡಕ್ಷರ ತಿದ್ದಿದರು.

ಇಲ್ಲಿ ಡೈರೆಕ್ಟರ ಪರವಾಗಿ ಒಂದು ಮಾತು ಹೇಳಬೇಕು. ಅವರು ಯಾರ ಬಾಯಿಗೂ ಇಲ್ಲದ ಮಾತು ಹಾಕಲಿಲ್ಲ. ಪತ್ರಿಕೆಗಳಲ್ಲಿ, ಟೀವಿಯಲ್ಲಿ ದಿನಾ ನಡೆಯುವುದಕ್ಕಿಂತ ಕಡಿಮೆಯೇ ಕತ್ತರಿಸಿದ್ದರು. ಈ ಸಮಾಧಾನವನ್ನು ತಮಗೆ ತಾವೇ ನಾಲ್ಕು ಸಲ ಹೇಳಿಕೊಂಡು ಚಿತ್ರವನ್ನು ಕಳಿಸಿಬಿಟ್ಟರು. ಒಂದು ಸಲ ಹೇಳಿಕೊಂಡದ್ದು ಸಾಕಾಗಿದ್ದರೆ ನಾಲ್ಕು ಸಲ ಯಾಕೆ ಹೇಳಿಕೊಳ್ಳುತ್ತಿದ್ದರು ಎಂದು ಕೇಳುವವರು ಆಗ ಪಕ್ಕದಲ್ಲಿರಲಿಲ್ಲ.

ಅಧಿಕಾರಿಣಿ ಚಿತ್ರ ನೋಡಿ ಕುಣಿದಾಡಿದರು. "ಸರ್, ಹತ್ತು ವರ್ಷದಿಂದ ಈ ಕೆಲಸದಲ್ಲಿದೀನಿ. ಕ್ಯಾಮೆರಾ ಮುಂದೆ ಇಷ್ಟು ಧೈರ್ಯವಾಗಿ ಮಾತಾಡಿದ ಜನರನ್ನ ನೋಡಿಲ್ಲ! ಆ ಏಜೆಂಟರ ಪ್ರಾಮಾಣಿಕತೆ! ಟೀವಿಯವರಿಗೂ ಹೇಳಿದೀನಿ. ನಿಮ್ಮ ಅಧ್ಯಕ್ಷರಿಗೆ ಈಗ ತಾನೇ ಫೋನು ಮಾಡಿ ಅಭಿನಂದಿಸಿದೆ."

"ಏನಂತ?" ಎಂದರು ಡೈರೆಕ್ಟರು, ಕುರ್ಚಿ ಹುಡುಕುತ್ತ.

"ದಾಂಪತ್ಯದ ಬಗ್ಗೆ ಇಷ್ಟು ಮುಕ್ತವಾಗಿ ಮಾತಾಡಿದ ಗಂಡಸು ನೀವೇ ಮೊದಲು ಅಂತ. ತುಂಬಾ ಸಂತೋಷಪಟ್ಟರು."

ಸಂತೋಷ ಎಷ್ಟೆಂದರೆ, ಅಧ್ಯಕ್ಷರು ಕೂಡಲೇ ಮೇಲೆ ಹತ್ತಿ ಬಂದು ಡೈರೆಕ್ಟರನ್ನು ತಬ್ಬಿಕೊಂಡರು. ಅವರ ಮಗಳ ಮದುವೆಗೆ ಇನ್ನೊಂದೇ ತಿಂಗಳಿತ್ತು. "ಭಾನುವಾರ ಬೀಗರನ್ನೂ ಕರ್ದಿದೀನಿ. ಬೀಗರ ಅಣ್ಣ, ಅತ್ತಿಗೆ, ಅವರ ಕಡೆ ಹಿರಿಯರು, ಒಟ್ಟು ಹದಿನಾರು ಜನ. ನಾನು ಎಂಥ ಮನುಷ್ಯ ಅಂತ ಅವರಿಗೂ ಗೊತ್ತಾಗ್ಲಿ."

ಡೈರೆಕ್ಟರು ನಗಲು ಪ್ರಯತ್ನಿಸಿದರು. ಅವರ ಮುಖ ನೋಡಿ ಅಧ್ಯಕ್ಷರು, ದೊಡ್ಡ ಕಲಾವಿದರು ಹೀಗೇ ಹೊಗಳಿಕೆಗೆ ಮುದುಡುತ್ತಾರೆ ಎಂದು ತಿಳಿದು ಇನ್ನೊಮ್ಮೆ ತಬ್ಬಿಕೊಂಡರು.

ಶುಕ್ರವಾರ ಊಟವಾದ ಮೇಲೆ ಹೆಂಡತಿ ಕೇಳಿದರು. "ರೀ, ಮೂರು ದಿನದಿಂದ ಅನ್ನ ಬಿಡ್ತಿದೀರಿ. ಏನು ಅಂಥಾದ್ದು ಆ ಚಿತ್ರದಲ್ಲಿ? ಹಾಕಿ ನೋಡೋಣ."

ಹಾಕಿದರು. ಮೊದಲ ಚೌಕಟ್ಟು ಕಂಡ ಕೂಡಲೇ ಆಕೆಯ ಹುಬ್ಬು ಮೇಲೇರಿತು. ಅಧ್ಯಕ್ಷರು ಮಾತಾಡುವಾಗ ಆಕೆ ಸೆರಗು ಬಾಯಿಗಿಟ್ಟುಕೊಂಡರು. ಏಜೆಂಟರು ಬರುವಷ್ಟರಲ್ಲಿ ನಕ್ಕು ನಕ್ಕು ಕಣ್ಣಲ್ಲಿ ನೀರು. ಆಮೇಲೆ ಇದ್ದಕ್ಕಿದ್ದಂತೆ ನಗು ನಿಂತಿತು.

"ಅವರಿಗೆ ಇದು ಗೊತ್ತಾ?"

"ಇಲ್ಲ."

"ಅವರ ಮಾತನ್ನ ಕದ್ದು ಬೇರೆಯವರ ಅಳತೆ ಅಂಗಿ ಹೊಲಿದು ತೊಡಿಸಿದೀರಿ. ಆ ಅಂಗಿ ಹಾಕ್ಕೊಂಡು ಅವರು ಬೀಗರ ಮುಂದೆ ಕೂರ್ಬೇಕು. ಅಲ್ವಾ?"

ಡೈರೆಕ್ಟರು ತಲೆ ತಗ್ಗಿಸಿದರು. "ಕೇಳೋಕೇ ಆಗ್ಲಿಲ್ಲ ಕಣೇ. ಪದಾನೇ ಹೊರಡಲಿಲ್ಲ. ಯಾರು ತಾನೆ ಮಾತಾಡ್ತಾರೆ ಇದರ ಬಗ್ಗೆ?"

ಹೆಂಡತಿ ಅಳತೆಯ ಟೇಪನ್ನು ಕೊರಳಿಂದ ತೆಗೆದು ಸುತ್ತತೊಡಗಿದರು. "ಆ ಪರದೆ ನೋಡಿ. ಅಳತೆ ಕೊಡೋಕೆ ಹೆಂಗಸರು ಅದರ ಹಿಂದೆ ಬರ್ತಾರಲ್ಲ, ಬಾಯಿ ತುಂಬಾ ಮಾತಾಡ್ತಾರೆ. ಗಂಡ ಮುಟ್ಟಿದ್ರೆ ಮೈ ಮರಗಟ್ಟುತ್ತೆ, ಇದು ಕಾಯಿಲೆನಾ ಅಂತ ಒಬ್ಬಳು. ಮುಟ್ಟಿ ನಾಲ್ಕು ವರ್ಷ ಆಯ್ತು, ನಾನು ಅಷ್ಟು ಕೆಟ್ಟದಾಗಿದೀನಾ ಅಂತ ಇನ್ನೊಬ್ಬಳು. ಟೀವಿಲಿ ತೋರಿಸೋ ಹಾಗೆ ನಮಗ್ಯಾಕೆ ಆಗಲ್ಲ ಅಂತ ಹೊಸದಾಗಿ ಮದುವೆ ಆದವಳು. ಹೆಸರು ಹೇಳಲ್ಲ ನಾನು. ಇಪ್ಪತ್ತು ವರ್ಷದಿಂದ ಇದೇ ಮನೇಲಿ ಕೇಳಿಸ್ಕೊಳ್ತಿದೀನಿ. ನೀವು ಊರೆಲ್ಲ ಕೇಳಿದ್ರಿ. ನನ್ನನ್ನ ಕೇಳಿದ್ರಾ?"

ಕೇಳಿರಲಿಲ್ಲ. ಕೇಳಬಹುದೆಂದು ಹೊಳೆದಿರಲೂ ಇಲ್ಲ. ಮದುವೆಯಾದಾಗಿನಿಂದ ಆ ಯಂತ್ರದ ಸದ್ದು ಅವರಿಗೆ ಗೊತ್ತಿತ್ತು. ಅದು ನಿಂತಾಗ ಪರದೆಯ ಹಿಂದೆ ಏನು ನಡೆಯುತ್ತದೆ ಎಂದು ಗೊತ್ತಿರಲಿಲ್ಲ.

"ನಾಳೆ ಎಲ್ಲರನ್ನೂ ಕೂರಿಸಿ ಇದನ್ನ ತೋರಿಸಿ. ಬೈಸಿಕೊಳ್ಳಿ," ಎಂದು ಹೆಂಡತಿ ಯಂತ್ರದ ಮುಂದೆ ಹೋಗಿ ಕೂತರು.

ಶನಿವಾರ ಬೆಳಗ್ಗೆ ಹತ್ತಕ್ಕೆ ನೆಲಮಹಡಿಯಲ್ಲಿ, ಸ್ಕೂಟರುಗಳನ್ನು ಬದಿಗೆ ಸರಿಸಿ ಕುರ್ಚಿ ಹಾಕಿದರು. ಗೋಡೆಗೆ ಬಿಳಿ ಬಟ್ಟೆ. ಮುಂದಿನ ಸಾಲಿನಲ್ಲಿ ಅಧ್ಯಕ್ಷರು ಹೆಂಡತಿಯ ಸಮೇತ, ಪಕ್ಕದಲ್ಲಿ ಹೆಡ್‌ಮಾಸ್ಟರು, ಏಜೆಂಟರು. ಹಿಂದೆ ಉಳಿದವರು. ಅತ್ತೆ ತಮ್ಮ ಬೆತ್ತದ ಸ್ಟೂಲು ತಾವೇ ಹೊತ್ತು ತಂದು ಕಂಬದ ಪಕ್ಕ ಕೂತರು. ಮಾತಾಡಲು ಧೈರ್ಯ ಸಾಲದೆ ಡೈರೆಕ್ಟರು ನೇರವಾಗಿ ಚಿತ್ರ ಹಾಕಿಬಿಟ್ಟರು.

ಮೊದಲ ಚೌಕಟ್ಟು ಬಂತು. ಓದುವ ಕನ್ನಡಕ ಮನೆಯಲ್ಲಿ ಬಿಟ್ಟು ಬಂದಿದ್ದ ಅಧ್ಯಕ್ಷರು ಚಪ್ಪಾಳೆ ತಟ್ಟಿದರು. ಮತ್ತೆ ಯಾರೂ ತಟ್ಟಲಿಲ್ಲ. ಹೆಡ್‌ಮಾಸ್ಟರು ನಿಧಾನವಾಗಿ ಮುಂದಕ್ಕೆ ಬಾಗಿದರು.

"ಅಕ್ಷರ ತಪ್ಪಾಗಿದೆಯಲ್ಲ," ಎಂದರು.

ಅಷ್ಟರಲ್ಲಿ ಗೋಡೆಯ ಮೇಲಿನ ಅಧ್ಯಕ್ಷರು ತಮಗೆ ಐವತ್ತು ದಾಟಿದ ಸಂಗತಿಯನ್ನು ಹೇಳತೊಡಗಿದರು. ಹಿಂದಿನ ಸಾಲಿನಿಂದ ಒಂದು ಕೆಮ್ಮು ಬಂತು, ಅದಕ್ಕೆ ಉತ್ತರವಾಗಿ ಇನ್ನೊಂದು. ಕುರ್ಚಿಯ ಅಧ್ಯಕ್ಷರು ಹೆಂಡತಿಯ ಕಡೆ ತಿರುಗಿ, "ಯಾಕೆ ಕೆಮ್ತಿದಾರೆ? ಏನು ಬರೆದಿತ್ತು?" ಎಂದು ಕೇಳಿದರು. ಹೆಂಡತಿ ಕಿವಿಯಲ್ಲಿ ಹೇಳಿದರು. ಅಧ್ಯಕ್ಷರು ಎದ್ದು ನಿಂತ ರಭಸಕ್ಕೆ ಕುರ್ಚಿ ಹಿಂದಕ್ಕೆ ಬಿತ್ತು.

"ನಿಲ್ಸ್ರೀ ಅದನ್ನ! ಡೈರೆಕ್ಟರೇ, ಇದು ಮಾನಹಾನಿ! ಪೊಲೀಸ್ ಕರೀತೀನಿ! ನಾನು ಹೇಳಿದ್ದು ಲೌಕಿಕದ ಬಗ್ಗೆ! ಬಟ್ಟೆ ಬರೆ, ನೆಂಟರು ಇಷ್ಟರು, ಆ ಧಾರಾವಾಹಿಗಳು..."

ಅಧ್ಯಕ್ಷರ ಹೆಂಡತಿ ನಗತೊಡಗಿದರು. ಮೊದಲು ಭುಜ ಮಾತ್ರ ಅಲುಗುತ್ತಿತ್ತು, ಆಮೇಲೆ ತಡೆಯಲಾಗಲಿಲ್ಲ.

"ನಗ್ತೀಯಾ? ನನ್ನ ಮರ್ಯಾದೆ ಹೋಗ್ತಿದೆ, ನಗ್ತೀಯಾ?"

"ಇನ್ನೇನ್ ಮಾಡ್ಲಿ? ವಾರ್ತೆ ನೋಡ್ತಾ ಕೂತುಬಿಡ್ತೀರಿ ಅನ್ನೋದು ಸುಳ್ಳಾ?"

ಮಾತು ಬಾಯಿಂದ ಜಾರಿದ ಮೇಲೆ ಆಕೆಗೇ ಅದರ ತೂಕ ಗೊತ್ತಾಯಿತು. ನಗು ಅಲ್ಲೇ ನಿಂತಿತು. ಅಧ್ಯಕ್ಷರು ಬಿದ್ದ ಕುರ್ಚಿಯನ್ನು ಎತ್ತಲು ಬಗ್ಗಿದವರು ಎತ್ತದೆ ಹಾಗೇ ಇದ್ದರು. ಏಜೆಂಟರು ಮೂಲೆಯಲ್ಲಿ ಯಾರಿಗೋ, "ನಾನು ಮನೆಮನೆಗೆ ಹೋಗೋದು ಪಾಲಿಸಿಗೆ ಮಾತ್ರ," ಎಂದು ಮೂರನೆಯ ಸಲ ಹೇಳುತ್ತಿದ್ದದ್ದು ಇಡೀ ನೆಲಮಹಡಿಗೆ ಕೇಳಿಸಿತು.

ಡೈರೆಕ್ಟರು ಮುಂದೆ ಬಂದು ಕೈಮುಗಿದರು. ಫೋನು, ಗಡಗಡ, ಪತ್ರ, ಕತ್ತರಿ, ಎಲ್ಲ ಹೇಳಿದರು. "ಕೇಳಿದ್ರೆ ಬೈತೀರಿ ಅಂತ ಹೆದರಿದೆ. ಕೇಳೋಕೂ ನಾಚಿಕೆ ಆಯ್ತು. ನಾಳೆ ಈ ಚಿತ್ರ ತೋರಿಸಲ್ಲ. ತಪ್ಪಾಯ್ತು."

ಆಗ ಕಂಬದ ಪಕ್ಕದಿಂದ ದನಿ ಬಂತು.

"ಅಳಿಯಂದಿರೇ, ನನ್ನನ್ನ ಯಾಕೆ ಕೇಳಲಿಲ್ಲ?"

ಡೈರೆಕ್ಟರು ತಿರುಗಿ ನೋಡಿದರು. ಅತ್ತೆ ಸ್ಟೂಲನ್ನು ಎರಡಡಿ ಮುಂದಕ್ಕೆ ಎಳೆದುಕೊಂಡಿದ್ದರು.

"ನಿಮ್ಮನ್ನ... ಈ ವಿಷಯ... ನಿಮ್ಮನ್ನ ಹೇಗೆ ಕೇಳ್ಲಿ ಅತ್ತೆ?"

"ಮೂರು ಹೆತ್ತಿದೀನಿ. ಅಂಚೆಯಲ್ಲಿ ಬಂದ್ವಾ ಅವು?"

ನೆಲಮಹಡಿಯಲ್ಲಿ ಒಬ್ಬರೂ ಕೆಮ್ಮಲಿಲ್ಲ. ಡೈರೆಕ್ಟರು ಹೆಂಡತಿಯ ಕಡೆ ನೋಡಿದರು. ಹೆಂಡತಿ ಕಣ್ಣಲ್ಲೇ ಕ್ಯಾಮೆರಾ ತೋರಿಸಿದರು. ಅವರು ಅದನ್ನು ಸ್ಟ್ಯಾಂಡಿಗೆ ಏರಿಸಿ, ತೆಗೆಯಬಹುದಾ ಎಂದು ಕೇಳಿದರು. ಅತ್ತೆ, "ತೆಗೀರಿ. ನನ್ನನ್ನೇನು ಈಗ ಯಾರೂ ಮದುವೆ ಆಗ್ಬೇಕಾಗಿಲ್ಲ," ಎಂದರು.

"ನನಗೆ ಮದುವೆ ಆದಾಗ ಹದಿನೆಂಟು. ಅವರಿಗೆ ಇಪ್ಪತ್ತಮೂರು, ರೈಲ್ವೇಲಿ ಗುಮಾಸ್ತ. ನನಗೆ ಯಾರೂ ಏನೂ ಹೇಳಿರಲಿಲ್ಲ. ಅವರು ಹೇಳಿದ ಹಾಗೆ ಕೇಳು ಅಂದಿದ್ರು, ಅಷ್ಟೇ. ಅವರಿಗೆ ಯಾರೂ ಏನೂ ಹೇಳಿರಲಿಲ್ಲ ಅಂತ ನನಗೇನು ಗೊತ್ತು? ಬಾಗಿಲು ಹಾಕಿದ ಕೂಡ್ಲೇ ಅವರು ಮಂಚದ ಆ ತುದೀಲಿ ಕೂತು ರೈಲಿನ ವೇಳಾಪಟ್ಟಿ ಓದೋಕೆ ಶುರು ಮಾಡೋರು. ಜೋರಾಗಿ. ಯಾವ ರೈಲು ಎಷ್ಟೊತ್ತಿಗೆ ಬರುತ್ತೆ, ಎಲ್ಲಿ ಎಷ್ಟು ನಿಮಿಷ ನಿಲ್ಲುತ್ತೆ. ದಿನಾ ಇದೇ. ಒಂದು ತಿಂಗಳಲ್ಲಿ ಅಷ್ಟೂ ರೈಲು ನನಗೆ ಬಾಯಿಪಾಠ ಆಯ್ತು."

ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ಅತ್ತೆಯೂ ನಕ್ಕರು.

"ನಾನು ಅಂದ್ಕೊಂಡೆ, ನನ್ನನ್ನ ಕಂಡ್ರೆ ಇವರಿಗೆ ಆಗಲ್ಲ ಅಂತ. ಬಚ್ಚಲಲ್ಲಿ ನೀರು ಬಿಟ್ಕೊಂಡು ಅಳ್ತಿದ್ದೆ. ಒಂದು ದಿನ ಸಾಕಾಗಿ ಕೇಳೇಬಿಟ್ಟೆ. ನಿಮಗೆ ಭಯಾನಾ ಅಂತ. ಅವರು ಪುಸ್ತಕ ಮುಚ್ಚಿ ಹೌದು ಅಂದ್ರು. ನನಗೂ ಅಂದೆ. ಅವತ್ತು ಬೆಳಗಿನ ತನಕ ಬರೀ ಮಾತಾಡಿದ್ವಿ. ಉಳಿದದ್ದೆಲ್ಲ ಆಮೇಲೆ, ತಾನಾಗಿ. ನಲವತ್ತಾರು ವರ್ಷ ಚೆನ್ನಾಗಿದ್ವಿ." ಅತ್ತೆ ಮಗಳ ಕಡೆ ಬೆರಳು ತೋರಿಸಿದರು. "ಅವರು ಆ ಒಂದು ಹೌದು ಅನ್ನದೆ ಇದ್ದಿದ್ರೆ ಇವಳು ಇವತ್ತು ಇಲ್ಲಿ ಕೂತಿರ್ತಿರಲಿಲ್ಲ."

ಮಗಳು ಇದನ್ನು ಕೇಳುತ್ತಿದ್ದದ್ದು ಮೊದಲ ಸಲ. ಆಕೆ ಅಪ್ಪನನ್ನು ಬಿಗಿ ಕಾಲರಿನ, ಮಾತು ಕಡಿಮೆಯ ಮನುಷ್ಯನೆಂದೇ ತಿಳಿದಿದ್ದರು. ಮಂಚದ ತುದಿಯಲ್ಲಿ ಹೆದರಿ ಕೂತ ಹುಡುಗನೊಬ್ಬ ಅವರೊಳಗಿದ್ದನೆಂದು ಆಕೆಗೆ ಗೊತ್ತಿರಲಿಲ್ಲ. ಆಕೆ ಎದ್ದು ಹೋಗಿ ತಾಯಿಯ ಪಕ್ಕ ನೆಲದ ಮೇಲೆ ಕೂತರು.

ಹೆಡ್‌ಮಾಸ್ಟರು ಕೈಯೆತ್ತಿದರು, ತರಗತಿಯಲ್ಲಿ ಮಕ್ಕಳು ಎತ್ತುವ ಹಾಗೆ.

"ನಾನೊಂದು ಹೇಳ್ಬೇಕು. ವಿಜ್ಞಾನದ ಪುಸ್ತಕದಲ್ಲಿ ಹನ್ನೆರಡನೇ ಪಾಠ ಅದು. ಮೂವತ್ತೆರಡು ವರ್ಷವೂ ಆ ಪಾಠ ಬರೋ ವಾರ ನನಗೆ ನೆಗಡಿ ಆಗೋದು. ವಾಪಸ್ ಬಂದು, ಅದನ್ನ ಮನೇಲಿ ಓದ್ಕೊಳ್ಳಿ ಅನ್ನೋದು, ಹದಿಮೂರಕ್ಕೆ ಹೋಗೋದು." ಅವರು ಸ್ವಲ್ಪ ಹೊತ್ತು ಜೇಬಿನ ಸೀಮೆಸುಣ್ಣ ಉರುಳಿಸುತ್ತಿದ್ದರು. "ಒಂದು ವರ್ಷ ಒಂದು ಹುಡುಗಿ ಎದ್ದು ನಿಂತಳು. ಲಂಗದ ಮೇಲೆ ಕಲೆ ಆಗಿತ್ತು. ಸರ್, ನಾನು ಸಾಯ್ತೀನಾ, ಅಂತ ಕೇಳಿದ್ಲು. ಇಡೀ ತರಗತಿ ನಗ್ತು. ನಾನು ಹೊರಗೆ ಹೋಗಿ ನಿಂತ್ಕೋ ಅಂದೆ. ಇಲ್ಲಮ್ಮ, ಸಾಯಲ್ಲ, ಇದು ಎಲ್ಲರಿಗೂ ಆಗುತ್ತೆ. ಇಷ್ಟು ಹೇಳೋಕೆ ಎಷ್ಟು ಹೊತ್ತು ಬೇಕಿತ್ತು? ಅವಳು ಮತ್ತೆ ಶಾಲೆಗೆ ಬರಲಿಲ್ಲ."

ಡೈರೆಕ್ಟರು ಎರೆಹುಳುಗಳನ್ನು ಎಷ್ಟು ತಾಳ್ಮೆಯಿಂದ ಕಾದು ತೆಗೆದಿದ್ದರೋ ಅಷ್ಟೇ ತಾಳ್ಮೆಯಿಂದ ಹೆಡ್‌ಮಾಸ್ಟರು ಕಣ್ಣು ಒರೆಸಿಕೊಳ್ಳುವವರೆಗೂ ಕಾದರು. ಮಧ್ಯಾಹ್ನ ಒಂದು ಗಂಟೆಯ ತನಕ ಜನ ಮಾತಾಡಿದರು. ತಡವರಿಸಿದರು, ಅರ್ಧಕ್ಕೆ ನಿಲ್ಲಿಸಿದರು, ಕ್ಯಾಮೆರಾ ಆರಿಸಿ ಎಂದರು, ಆರಿಸಿದ ಮೇಲೆ ಹೇಳಿದರು, ಹೇಳಿದ ಮೇಲೆ ಇರಲಿ ತೆಗೀರಿ ಎಂದರು. ಅಧ್ಯಕ್ಷರು ಒಂದೂ ಮಾತಾಡಲಿಲ್ಲ. ಪೊಲೀಸರನ್ನೂ ಕರೆಯಲಿಲ್ಲ. ಸಭೆ ಮುಗಿದ ಮೇಲೆ ಹೆಂಡತಿಯ ಕೈಚೀಲವನ್ನು ತಾವೇ ಹಿಡಿದುಕೊಂಡು ಮೆಟ್ಟಿಲು ಹತ್ತಿದರು; ಬೀಗರಿಗೆ ಫೋನು ಮಾಡಿ ಪ್ರದರ್ಶನ ರದ್ದಾಗಿದೆ ಎಂದರು.

ಆ ಚಿತ್ರ ತೋರಿಸಬೇಡಿ ಎಂದದ್ದಕ್ಕೆ ಅಧಿಕಾರಿಣಿಗೆ ಕೋಪ ಬಂತು. ಭಾನುವಾರ ಕೈತೊಳೆಯುವ ಬಗ್ಗೆ ಹಳೆಯ ಚಿತ್ರವೊಂದನ್ನು ತೋರಿಸಿ ಮಾನ ಉಳಿಸಿಕೊಂಡರು. ವಾರ ಕಳೆದ ಮೇಲೆ ಡೈರೆಕ್ಟರು ಹೊಸ ಚಿತ್ರವನ್ನು ಒಯ್ದು ಕೊಟ್ಟರು. ಆಕೆ ಎರಡು ಸಲ ಗಡಿಯಾರ ನೋಡುತ್ತ ಮುಗಿಸಿದರು.

"ಒಳ್ಳೇದಿದೆ ಸರ್. ಆದ್ರೆ ಮೌನ ಜಾಸ್ತಿ. ಜನ ತುಂಬಾ ತಡವರಿಸ್ತಾರೆ. ಟೀವಿಯವರು ಇದನ್ನ ತಗೊಳಲ್ಲ. ಮೊದಲನೇದು ಎಷ್ಟು ಚುರುಕಾಗಿತ್ತು! ಮುಖ ಮರೆಮಾಡಿ ಅದನ್ನ ತೋರಿಸೋಣ. ದೊಡ್ಡ ಪ್ರಶಸ್ತಿಗೆ ಕಳಿಸ್ತೀನಿ, ನಿಮ್ಮ ಹೆಸರು ಬರುತ್ತೆ."

ಡೈರೆಕ್ಟರಿಗೆ ಹೆಸರು ಎಂದರೆ ಏನೆಂದು ಅವರ ಬಾಗಿಲು ನೋಡಿದವರಿಗೆ ಗೊತ್ತು. ಅವರು ಸ್ವಲ್ಪ ಹೊತ್ತು ಯೋಚಿಸಿದರು ಎನ್ನುವುದನ್ನು ಮುಚ್ಚಿಡುವುದು ಬೇಡ. ಆಮೇಲೆ ಎದ್ದರು.

"ಬೇಡ ಮೇಡಂ. ಅದರಲ್ಲಿ ಯಾರೂ ಲೈಂಗಿಕತೆ ಬಗ್ಗೆ ಮಾತಾಡೇ ಇಲ್ಲ," ಎಂದು ಸ್ಪಷ್ಟವಾಗಿ ಹೇಳಿ, ಹಳೆಯದು, ಹೊಸದು, ಎರಡೂ ಚಿತ್ರದ ಪ್ರತಿಗಳನ್ನು ಚೀಲಕ್ಕೆ ಹಾಕಿಕೊಂಡು ಬಂದುಬಿಟ್ಟರು. ಆ ಪದ ಬಾಯಿಂದ ಹೊರಟಿತೆಂದು ಅವರಿಗೆ ಹೊಳೆದದ್ದು ಬಸ್ಸು ಹತ್ತಿದ ಮೇಲೆ.

ಮದುವೆಗೆ ಹತ್ತು ದಿನವಿದ್ದಾಗ, ಬೆಳಗ್ಗೆ ಹನ್ನೊಂದರ ಹೊತ್ತಿಗೆ, ಅಧ್ಯಕ್ಷರು ಡೈರೆಕ್ಟರ ಮನೆಯ ಬಾಗಿಲಲ್ಲಿ ಬಂದು ನಿಂತರು. ಆ ಶನಿವಾರದ ನಂತರ ಇಬ್ಬರೂ ಮಾತಾಡಿರಲಿಲ್ಲ. ಅಧ್ಯಕ್ಷರು ಭಾಷಣ ಮಾಡಲಿಲ್ಲ. ಗೋಡೆ ನೋಡಿದರು, ಚಪ್ಪಲಿ ನೋಡಿಕೊಂಡರು.

"ಆ ಹೊಸ ಚಿತ್ರದ ಒಂದು ಪ್ರತಿ ಸಿಗುತ್ತಾ?"

"ಯಾಕೆ ಅಧ್ಯಕ್ಷರೇ?"

"ಮಗಳಿಗೆ. ನನ್ನ ಕೈಲಿ ಹೇಳೋಕಾಗಲ್ಲ. ಅವರಮ್ಮ ಬಾಯಿ ತೆಗೀತಾಳೆ, ಮುಚ್ತಾಳೆ. ನಿಮ್ಮ ಅತ್ತೆಯವರು ಹೇಳಿದಾರಲ್ಲ, ಅದನ್ನ ಹಾಕಿ ಕೊಟ್ಟು ನಾವು ಹೊರಗೆ ಹೋಗ್ತೀವಿ."

ಕಿಟಕಿಯ ಪಕ್ಕ ಗುಂಡಿ ಹಾಕುತ್ತಿದ್ದ ಅತ್ತೆ ದಾರ ಕಚ್ಚಿ ಹರಿದರು. "ಪ್ರತಿ ಯಾಕೆ? ನಾನೇ ಇಲ್ಲಿದೀನಲ್ಲ. ಹುಡುಗೀನ ಕಳಿಸಿ. ಅವಳಮ್ಮನೂ ಬರ್ಲಿ."

ಹುಡುಗಿ ಬಂದಳು, ತಾಯಿಯೂ ಬಂದರು. ಡೈರೆಕ್ಟರ ಹೆಂಡತಿ ಯಂತ್ರ ನಿಲ್ಲಿಸಿ ಎದ್ದರು. "ಗಂಡಸರು ಸ್ವಲ್ಪ ಹೊರಗಿರಿ," ಎಂದು ಬಾಗಿಲು ಮುಂದೆ ಮಾಡಿಕೊಂಡರು.

ಡೈರೆಕ್ಟರೂ ಅಧ್ಯಕ್ಷರೂ ಹೊರಗೆ ನಿಂತರು. ಐದು ನಿಮಿಷವಾಯಿತು. ಒಳಗೆ ಅತ್ತೆಯ ದನಿ ಸಣ್ಣಗೆ ಹರಿಯುತ್ತಿತ್ತು, ಮಾತು ತಿಳಿಯುತ್ತಿರಲಿಲ್ಲ. ನಡುವೆ ಹುಡುಗಿ ಏನೋ ಕೇಳಿದಳು. ಎಲ್ಲರೂ ಒಟ್ಟಿಗೆ ನಕ್ಕರು. ಅದರಲ್ಲಿ ತಮ್ಮ ಹೆಂಡತಿಯ ನಗು ಯಾವುದೆಂದು ಅಧ್ಯಕ್ಷರು ಕಿವಿಗೊಟ್ಟು ಹುಡುಕಿದರು. ಸಿಕ್ಕಿತೆಂದು ಕಾಣುತ್ತದೆ, ಅವರ ಮುಖ ಸಡಿಲವಾಯಿತು.

"ಏನ್ ಹೇಳ್ತಿರಬಹುದು?" ಎಂದರು ಪಿಸುಮಾತಿನಲ್ಲಿ.

"ಗೊತ್ತಿಲ್ಲ."

"ನಿಮಗೇ ಗೊತ್ತಿಲ್ವಾ? ಚಿತ್ರ ತೆಗೆದವರು!"

"ಇಷ್ಟು ನಗೋ ಅಂಥದ್ದು ಅದರಲ್ಲಿರಲಿಲ್ಲ."

ಅಧ್ಯಕ್ಷರು ಮೆಟ್ಟಿಲ ಕಡೆ ನೋಡಿದರು, ಯಾರೂ ಇರಲಿಲ್ಲ. ಮೆಲ್ಲಗೆ ಬಾಗಿಲಿಗೆ ಕಿವಿಯಿಟ್ಟರು. ಇದು ಸರಿಯಲ್ಲ ಎಂದು ಹೇಳಬೇಕೆಂದು ಹತ್ತಿರ ಹೋದ ಡೈರೆಕ್ಟರು, ಹೇಳುವುದಕ್ಕೆ ಮೊದಲು ತಾವೂ ಇನ್ನೊಂದು ಬದಿಯಲ್ಲಿ ಕಿವಿಯಿಟ್ಟರು. ಇಬ್ಬರು ದೊಡ್ಡ ಮನುಷ್ಯರು ಹಾಗೆ ಮೂಗಿಗೆ ಮೂಗು ತಾಗುವಂತೆ ನಿಂತಿದ್ದಾಗ ಬಾಗಿಲು ಒಳಕ್ಕೆ ತೆರೆದುಕೊಂಡಿತು. ಇಬ್ಬರೂ ಮುಗ್ಗರಿಸಿ ಮುಂದಿನ ಕೋಣೆಗೆ ಬಂದು ಬಿದ್ದಂತೆ ನಿಂತರು.

ನಾಲ್ಕು ಹೆಂಗಸರು ಅವರನ್ನು ನೋಡಿದರು. ಹುಡುಗಿ ನಗು ತಡೆಯಲು ಮುಖ ಮುಚ್ಚಿಕೊಂಡಳು. ಡೈರೆಕ್ಟರ ಹೆಂಡತಿ ಗೋಡೆಯ ಪಕ್ಕದಿಂದ ಎರಡು ಸ್ಟೂಲು ಎಳೆದು ನಡುವೆ ಇಟ್ಟರು.

"ಕೂತ್ಕೊಳ್ಳಿ," ಎಂದರು ಅತ್ತೆ, ಸೂಜಿಗೆ ಹೊಸ ದಾರ ಪೋಣಿಸುತ್ತ. "ಅರ್ಧ ಆಗಿದೆ. ಪರವಾಗಿಲ್ಲ, ನಿಮಗೋಸ್ಕರ ಮೊದಲಿಂದ ಹೇಳ್ತೀನಿ."